ಎರಡೇ ಸೀಟಿನ ಜಿರಳೆ

ಜೂನ್ 4

ಚಿರಂಜೀವಿ ಅಳಿಯನಿಗೆ,

ಸಮಸ್ತ ಲೋಕಕ್ಕೆ ಈ ಮೂಲಕ ತಿಳಿಯಪಡಿಸುವುದೇನೆಂದರೆ, ಇಂದು ಬೆಳಿಗ್ಗೆ ತಿಂಡಿಗೂ ಮುಂಚೆ, ನಮ್ಮ ಜಿರಳೆಯ, ಅಂದರೆ ಸರ್ಕಾರಿ ದಾಖಲೆಯಲ್ಲಿ ‘ಹ್ಯಾಚ್‌ಬ್ಯಾಕ್, ಕಂದು ಬಣ್ಣ’ ಎಂದಿರುವ ವಾಹನದ, ಡ್ಯಾಶ್‌ಬೋರ್ಡಿನ ಡಬ್ಬಿಯ ಮುಚ್ಚಳ ತಾನಾಗಿ ಮುಚ್ಚಿಕೊಂಡಿತು. ಕೊಂಡ ದಿನದಿಂದ ಬಾಯಿ ತೆರೆದುಕೊಂಡೇ ಇದ್ದ ಮುಚ್ಚಳ. ನೀನು ತಂತಿ ಕಟ್ಟಿದೆ, ನಾನು ಗೋಂದು ಹಚ್ಚಿದೆ, ಪಂಕ್ಚರ್ ಅಂಗಡಿಯ ಗಾಳಿರಾಯ ಒಮ್ಮೆ ಗುದ್ದಿಯೂ ನೋಡಿದ. ಜಗ್ಗಲಿಲ್ಲ. ಇಂದು ನಾನು ಒಳಗೆ ಕೂತು ಸುಮ್ಮನೆ ಒಂದು ನಿಟ್ಟುಸಿರು ಬಿಟ್ಟೆ, ಟಕ್ ಎಂದಿತು. ಈ ಐತಿಹಾಸಿಕ ಘಟನೆಯನ್ನು ಹೇಳಿಕೊಳ್ಳಲು ಮನೆಯಲ್ಲಿ ಇಬ್ಬರಿದ್ದಾರೆ. ಇಬ್ಬರಿಗೂ ಹೇಳುವ ಹಾಗಿಲ್ಲ. ಅದಕ್ಕೇ ಈ ಪತ್ರ.

ಮೊದಲು ಸಂಬೋಧನೆಯ ಪ್ರಶ್ನೆ ಇತ್ಯರ್ಥವಾಗಲಿ. ವಿಚ್ಛೇದನದ ಕಾಗದ ಬಂದ ಮೇಲೆ ನಿನ್ನನ್ನು ಏನೆಂದು ಕರೆಯಬೇಕೋ ಯಾರೂ ಹೇಳಿಕೊಟ್ಟಿಲ್ಲ. ಮಾಜಿ ಮಂತ್ರಿಗೆ ಬಂಗಲೆ ಉಳಿಯುತ್ತದೆ, ಮಾಜಿ ಸೈನಿಕನಿಗೆ ಪಿಂಚಣಿ ಬರುತ್ತದೆ. ಮಾಜಿ ಅಳಿಯನಿಗೆ ಉಳಿದದ್ದು ಅರ್ಧ ಬಿಚ್ಚಿದ ಒಂದು ಕಾರು. ಹಜಾರದಲ್ಲಿ ನಾನು ನಿನ್ನನ್ನು ‘ನೀವು’ ಎನ್ನುತ್ತಿದ್ದೆ, ಶೆಡ್ಡಿನಲ್ಲಿ ‘ನೀನು’. ಅಳಿಯನ ಮರ್ಯಾದೆಯನ್ನು ನಿನ್ನ ಅತ್ತೆ ಬಾಗಿಲಲ್ಲಿ ನಿಂತು ಕಾಯುತ್ತಿದ್ದಳು. ಆದರೆ ಒಂದೇ ಗಾಡಿಯ ಕೆಳಗೆ ಅಂಗಾತ ಮಲಗಿದವರ ನಡುವೆ ಬಹುವಚನ ನಡೆಯುವುದಿಲ್ಲ. ‘ಸ್ಪ್ಯಾನರ್ ದಯಪಾಲಿಸಿ’ ಅನ್ನುವಷ್ಟರಲ್ಲಿ ಎಣ್ಣೆ ಕಣ್ಣಿಗೆ ಬಿದ್ದಿರುತ್ತದೆ. ಈಗ ಹಜಾರ ಹೋಯಿತು, ಶೆಡ್ಡು ಉಳಿಯಿತು. ಆದ್ದರಿಂದ ನೀನು.

ಶೆಡ್ಡೂ ಹಳೆಯ ಶೆಡ್ಡಲ್ಲ. ಮಗಳು ಮನೆಗೆ ಮರಳಿದ ದಿನ ಪೆಟ್ಟಿಗೆ ಕೆಳಗಿಡುತ್ತಲೇ ಅಂದಳು: “ಅಪ್ಪ, ಆ ಗಾಡಿ ಮಾರಿಬಿಡಿ.” ನಾನು “ಮಾರಿ ಆಯ್ತಲ್ಲ” ಅಂದೆ. ಸುಳ್ಳು ಬಾಯಿಗೆ ಬಂದದ್ದು ಮೊದಲು, ಗಾಡಿಯನ್ನು ಗಾಳಿರಾಯನ ಅಂಗಡಿಯ ಹಿಂದಕ್ಕೆ ತಳ್ಳಿಸಿದ್ದು ಆಮೇಲೆ. ಈಗ ಬೆಳಿಗ್ಗೆಯೋ ಸಂಜೆಯೋ ವಾಕಿಂಗ್ ಎಂದು ಹೇಳಿ ಅಲ್ಲಿಗೆ ಹೋಗುತ್ತೇನೆ. ಅಂಗಡಿಯ ವಿಳಾಸಕ್ಕೇ ಉತ್ತರ ಬರಿ. ಫೋನು ಬೇಡ, ನನ್ನ ಪಿಸುಮಾತು ಎದುರು ಮನೆಯವರಿಗೆ ಕೇಳುತ್ತದೆ.

ಈಗ ವಿಷಯ. ಗುಜರಿ ಅಂಗಡಿಯಲ್ಲಿ ಜಿರಳೆಯ ಅಣ್ಣ ಸಿಕ್ಕಿದ್ದಾನೆ. ಅದೇ ಕಂಪನಿ, ಅದೇ ಅಗಲ, ಎಂಜಿನ್ ಮಾತ್ರ ದೊಡ್ಡದು. ಲಾರಿಯೊಂದು ಹಿಂದಿನಿಂದ ಗುದ್ದಿದೆ. ಅಪಘಾತದ ಗಾಡಿಗಳ ನಷ್ಟ ಅಳೆಯುವ ಇನ್ಶೂರೆನ್ಸ್ ಸರ್ವೆಯರನಾಗಿ ಆಯುಷ್ಯ ಸವೆಸಿ ನಾನು ಗಳಿಸಿದ ಜ್ಞಾನ ಇಷ್ಟೇ: ಮುಂದೆ ಗುದ್ದಿಕೊಂಡ ಗಾಡಿಯ ಹಿಂಭಾಗ ಕೊಳ್ಳು, ಹಿಂದೆ ಗುದ್ದಿಸಿಕೊಂಡ ಗಾಡಿಯ ಮುಂಭಾಗ ಕೊಳ್ಳು. ಇಬ್ಬರ ಗ್ರಹಚಾರ ಸೇರಿದರೆ ಮೂರನೆಯವನಿಗೆ ಯೋಗ. ಅಗ್ಗದ ಹಳೆ ಗಾಡಿಯನ್ನು ಕಡಿಮೆ ಖರ್ಚಿನಲ್ಲಿ ಹುರಿಗೊಳಿಸಿ ದೊಡ್ಡ ಗಾಡಿಗಳ ಮಾನ ಕಳೆಯಬೇಕೆಂಬುದು ನಮ್ಮಿಬ್ಬರ ಸಂಕಲ್ಪವಾಗಿತ್ತು. ಅದು ಇನ್ನೂ ಇದೆಯೇ? ಎಂಜಿನ್ ಕೊಳ್ಳಲೋ, ಇಲ್ಲ ಜಿರಳೆಯನ್ನೂ ಅಣ್ಣನ ಪಕ್ಕದಲ್ಲೇ ಮಲಗಿಸಿ ಬರಲೋ?

ಇಂತಿ,
ಮಾವ (ಹಾಲಿಯೋ ಮಾಜಿಯೋ ನೀನೇ ತೀರ್ಮಾನಿಸು)


ಜೂನ್ 15

ಮಾವ ಅವರಿಗೆ ನಮಸ್ಕಾರ.

ಡಬ್ಬಿಯ ಮುಚ್ಚಳ ಮುಚ್ಚಿದ್ದು ಸಂತೋಷ. ಒಳಗೆ ನನ್ನ ಟಾರ್ಚ್ ಇದೆ. ಇನ್ನು ತೆರೆಯುತ್ತದೋ ಇಲ್ಲವೋ ನೋಡಿ.

ಇಲ್ಲಿ ನನ್ನ ಕೋಣೆ ನಾನು ಕೆಲಸ ಮಾಡುವ ಲೇತ್ ಕಾರ್ಖಾನೆಯ ಮೇಲೆಯೇ. ಕಿಟಕಿ ತೆರೆದರೆ ಪಕ್ಕದ ಕಟ್ಟಡದ ಗೋಡೆ; ಕೈ ಚಾಚಿದರೆ ಸುಣ್ಣ ಮೆತ್ತಿಕೊಳ್ಳುತ್ತದೆ. ಪಾಳಿ ಮುಗಿಸಿ ಮೆಟ್ಟಿಲು ಹತ್ತಿದರೆ ಮನೆ ಬಂತು. ಕೆಲಸದಿಂದ ಮನೆಗೆ ಹೋಗುವ ದಾರಿ ಎಂಬುದೊಂದು ದೊಡ್ಡ ಸೌಕರ್ಯ ಅಂತ ಈಗ ತಿಳಿಯಿತು. ದಾರಿಯಲ್ಲಿ ಮನುಷ್ಯ ಮುಖ ಬದಲಾಯಿಸಿಕೊಳ್ಳುತ್ತಾನೆ. ನನಗೆ ಒಂದೇ ಮುಖ ಉಳಿದಿದೆ. ಅದಕ್ಕೂ ಕಬ್ಬಿಣದ ಪುಡಿ ಹತ್ತಿದೆ.

ಎಂಜಿನ್ ಕೊಳ್ಳಿ. ಕೊಳ್ಳುವ ಮುಂಚೆ ಎಣ್ಣೆ ಹಾಕುವ ಮುಚ್ಚಳ ತೆಗೆದು ಅದರ ಒಳಬದಿ ನೋಡಿ. ಬಿಳಿ ನೊರೆ ಇದ್ದರೆ ನೀರು ಸೇರಿದೆ, ಬಿಟ್ಟು ಬನ್ನಿ. ಕೈಯಿಂದ ತಿರುಗಿಸಿ ನೋಡಿ. ಎಲ್ಲೂ ಹಿಡಿಯದೆ ಒಂದು ಸುತ್ತು ಬರಬೇಕು. ಎಂಜಿನ್ ಕೂರುವ ಬುಷ್‌ಗಳ ಅಳತೆ ಬರೆದು ಕಳಿಸಿ, ಇಲ್ಲಿ ಲೇತಿನಲ್ಲಿ ಕಡೆದು ಕಳಿಸುತ್ತೇನೆ. ಅಳತೆಯನ್ನು ದಯವಿಟ್ಟು ಟೇಪಿನಲ್ಲಿ ತೆಗೆಯಿರಿ. ಹೋದ ಸಲ ಗೇಣಿನಲ್ಲಿ ಹೇಳಿದ್ದಿರಿ.

ಮಾರಿದೆ ಎಂದು ಅವಳಿಗೆ ಹೇಳಬಾರದಿತ್ತು, ಮಾವ. ಆದರೆ ‘ಕೊಳ್ಳಿ’ ಎಂದು ಬರೆದವನು ನಾನೇ, ಆದ್ದರಿಂದ ಬುದ್ಧಿ ಹೇಳುವ ಹಕ್ಕು ನನಗಿಲ್ಲ.

ಮನೆಯಲ್ಲಿ ಎಲ್ಲರೂ ಆರೋಗ್ಯವೇ? ಎಲ್ಲರೂ ಎಂದರೆ ಎಲ್ಲರೂ.

ಇಂತಿ ನಮಸ್ಕಾರಗಳೊಂದಿಗೆ,
ಅಳಿಯ (ಬೇರೆ ಪದ ಸಿಗಲಿಲ್ಲ)


ಜುಲೈ 2

ಅಳಿಯನಿಗೆ,

ಎಂಜಿನ್ ಬಂತು. ನೊರೆ ಇಲ್ಲ. ಹಳೆಯದನ್ನು ಎತ್ತಿ ಹೊಸದನ್ನು ಇಳಿಸುವ ಮಹಾಕಾರ್ಯಕ್ಕೆ ಗಾಳಿರಾಯ ಅಂಗಡಿಯ ತೊಲೆಗೆ ಚೈನ್ ಪುಲ್ಲಿ ಕಟ್ಟಿದ. ಅವನು ಗಾಡಿಯ ಆಚೆ, ನಾನು ಈಚೆ, ನಡುವೆ ಆಕಾಶದಲ್ಲಿ ಎಂಜಿನ್. ನಾನು “ಎಡಕ್ಕೆ, ಎಡಕ್ಕೆ” ಎನ್ನುತ್ತಿದ್ದೆ. ಅವನು ಸರಪಳಿ ಹಿಡಿದುಕೊಂಡೇ, ಬಹಳ ಶಾಂತವಾಗಿ ಕೇಳಿದ: “ಸಾರ್, ನಿಮ್ಮ ಎಡಾನೋ ನನ್ನ ಎಡಾನೋ ಅಂತ ಮೊದ್ಲು ತೀರ್ಮಾನ ಆಗ್ಲಿ. ಇದು ನೇತಾಡ್ತಾ ಇದೆ.” ತೀರ್ಮಾನವಾಯಿತು. ನನ್ನ ಎಡವೇ ತಪ್ಪು ಎಂದಾಯಿತು.

ಮನೆಗೆ ಬಂದರೆ ನಿನ್ನ ಅತ್ತೆಯ ವಿಚಾರಣೆ.

“ಎಲ್ಲಿಗೆ ಹೋಗಿದ್ರಿ?”

“ವಾಕಿಂಗಿಗೆ.”

“ವಾಕಿಂಗಿಗೆ ಹೋಗಿ ಗ್ರೀಸು ಬಳ್ಕೊಂಡು ಬರೋರನ್ನ ನಾನು ಕಂಡಿಲ್ಲ.”

“ರಸ್ತೇಲಿ ಎಣ್ಣೆ ಚೆಲ್ಲಿತ್ತು.”

“ಬೆನ್ನ ಮೇಲೆ ನಡ್ಕೊಂಡು ಹೋದ್ರಾ?”

ಅವಳು ಒಳಗೆ ಹೋಗಿ ಹಳೆ ಟವೆಲ್ ತಂದು ನನ್ನ ಹೆಗಲ ಮೇಲೆ ಎಸೆದಳು. “ಸೀಮೆಎಣ್ಣೆ ಬಚ್ಚಲಲ್ಲಿದೆ. ಮಗಳು ಬರೋದ್ರೊಳಗೆ ತೊಳ್ಕೊಳ್ಳಿ.” ಅಂದರೆ ಅವಳಿಗೆ ಗೊತ್ತಿದೆ. ನನಗೆ ಗೊತ್ತಿದೆ ಎಂಬುದೂ ಅವಳಿಗೆ ಗೊತ್ತಿದೆ. ಸಂಸಾರ ಹಳೆಯದಾದಷ್ಟೂ ಮಾತು ಬೇಡವಾಗುತ್ತದೆ, ಸೀಮೆಎಣ್ಣೆ ಸಾಕು.

ನೀನು ಕೇಳಿದ ‘ಎಲ್ಲರೂ’ ಆರೋಗ್ಯ. ಮಗಳು ಮತ್ತೆ ಡ್ರೈವಿಂಗ್ ಸ್ಕೂಲಿನ ಕೆಲಸ ಹಿಡಿದಿದ್ದಾಳೆ. ಪಕ್ಕದ ಸೀಟಿನಲ್ಲಿ ಕೂತು ಇಡೀ ದಿನ ಬೇರೆಯವರ ಭಯಕ್ಕೆ ಬ್ರೇಕ್ ಒತ್ತುವ ಕೆಲಸ. ಸಂಜೆ ಬಂದು ಬಿಸಿನೀರಿನ ಬಕೆಟ್ಟಿನಲ್ಲಿ ಕಾಲಿಟ್ಟುಕೊಂಡು ಕೂರುತ್ತಾಳೆ. ನಿನ್ನೆ ಹೇಳಿದಳು: “ಇವತ್ತೊಬ್ರು ಲಾರಿ ಕಂಡ ತಕ್ಷಣ ಸ್ಟಿಯರಿಂಗ್ ಬಿಟ್ಟು ಕೈಮುಗಿದ್ರು ಅಪ್ಪ. ನಾನು ಬ್ರೇಕ್ ಒತ್ತಿದೆ. ಗಾಡಿ ನಿಂತ ಮೇಲೆ ‘ನೋಡಿದ್ರಾ, ದೇವರಿದ್ದಾನೆ’ ಅಂದ್ರು.” ಅತ್ತೆ ನಕ್ಕಳು. ನಾನೂ ನಕ್ಕೆ. ಆಮೇಲೆ ಏನು ಮಾತಾಡಬೇಕೋ ತಿಳಿಯದೆ ಪೇಪರ್ ಎತ್ತಿಕೊಂಡೆ. “ನೀವೂ ಕಲೀಬಹುದು ಅಪ್ಪ, ಇನ್ನೂ ವಯಸ್ಸಾಗಿಲ್ಲ” ಅಂದಳು. ನನ್ನ ವಿಚಾರ ನಿನಗೆ ಗೊತ್ತಲ್ಲ: ಸಾವಿರಾರು ಅಪಘಾತಗಳ ಕೊನೇ ಪುಟ ಓದಿದವನಿಗೆ ಮೊದಲ ಪುಟ ತೆರೆಯುವ ಧೈರ್ಯ ಬರುವುದಿಲ್ಲ. ಗಾಡಿ ಕಟ್ಟಲು ಅಡ್ಡಿಯಿಲ್ಲ, ಓಡಿಸಲು ಮಾತ್ರ ನೀನು ಬೇಕು. ಹಾಗೆ ಅವಳಿಗೆ ಹೇಳಲಾಗುತ್ತದೆಯೇ? ಪೇಪರ್ ಮಗುಚಿದೆ.

ಬುಷ್‌ಗಳ ಅಳತೆ ಇದರ ಬೆನ್ನಿಗೆ ಬರೆದಿದ್ದೇನೆ. ಟೇಪಿನಲ್ಲಿ.

ಇಂತಿ,
ಮಾವ


ಜುಲೈ 20

ಮಾವ ಅವರಿಗೆ ನಮಸ್ಕಾರ.

ನಾಲ್ಕೂ ಬುಷ್ ಪಾರ್ಸೆಲ್ ಮಾಡಿದ್ದೇನೆ. ಬಿಗಿಯಾಗಿ ಕೂರುತ್ತವೆ, ಸುತ್ತಿಗೆ ಬೇಡ, ಸೋಪಿನ ನೀರು ಹಚ್ಚಿ ತಳ್ಳಿ. ಗಾಳಿರಾಯನ ಕೈಗೆ ಸುತ್ತಿಗೆ ಕೊಡಲೇಬೇಡಿ.

ಒಂದು ಸುದ್ದಿ. ಅಕ್ಟೋಬರ್ ಕೊನೆಯಲ್ಲಿ ಇಲ್ಲಿಗೆ ಹತ್ತಿರದ ಗುಡ್ಡದ ರಸ್ತೆಯಲ್ಲಿ ಓಟವಿದೆ. ಒಂದೊಂದೇ ಗಾಡಿ ಗುಡ್ಡ ಹತ್ತುತ್ತದೆ, ಹತ್ತಿದ ಸಮಯ ಬರೆದುಕೊಳ್ಳುತ್ತಾರೆ. ಹಳೆಯ ಅಗ್ಗದ ಗಾಡಿಗಳಿಗೆ ಬೇರೆ ಪಂಗಡ ಮಾಡಿದ್ದಾರೆ. ಪಕ್ಕದಲ್ಲಿ ಕೂತು ತಿರುವುಗಳನ್ನು ಮೊದಲೇ ಕೂಗಿ ಹೇಳಲು ಒಬ್ಬರು ಬೇಕು. ನಿಮ್ಮ ಗಂಟಲು ಎದುರು ಮನೆಗೆ ಕೇಳುವಂಥದ್ದು. ಇನ್ಯಾರನ್ನು ಹುಡುಕಲಿ?

ತಪ್ಪು ತಿಳಿಯಬೇಡಿ. ಮರಳಿ ಬರುವ ಆಸೆ ನನಗಿಲ್ಲ, ಅವಳಿಗೂ ಇಲ್ಲ. ನಾವು ಜಗಳವಾಡಲಿಲ್ಲ, ನಿಮಗೇ ಗೊತ್ತು. ಜಗಳವಾಡುವಷ್ಟು ಮಾತೂ ನಮ್ಮ ನಡುವೆ ಉಳಿದಿರಲಿಲ್ಲ. ಆದರೆ ಸಂಜೆಯಾದರೆ ನನ್ನ ಕೈ ಯಾವುದೋ ಸ್ಪ್ಯಾನರಿಗೆ ತಡಕಾಡುತ್ತದೆ, ಕಿವಿ ನಿಮ್ಮ ಗೊಣಗಾಟಕ್ಕೆ. ಇಲ್ಲಿಯ ಫೋರ್‌ಮನ್ ಒಳ್ಳೆಯವನು, ಆದರೆ ಗೊಣಗುವುದಿಲ್ಲ.

ಇಂತಿ,
ಅಳಿಯ


ಆಗಸ್ಟ್ 9

ಅಳಿಯನಿಗೆ,

ಗುಡ್ಡಕ್ಕೆ ಬರುತ್ತೇನೆ. ತಿರುವು ಕೂಗುವ ಅಭ್ಯಾಸವನ್ನು ಬಚ್ಚಲಿನಲ್ಲಿ ಆರಂಭಿಸಿದ್ದೇನೆ, “ಯಾರನ್ನ ಬೈತಿದೀರಿ ಒಳಗೆ?” ಎಂದು ನಿನ್ನ ಅತ್ತೆ ಬಾಗಿಲು ಬಡಿದಳು.

ಜಿರಳೆ ಓಡಿತು. ಮೊದಲ ಸಲ ಕೀಲಿ ತಿರುಗಿಸಿದಾಗ ಕೆಮ್ಮಿತು, ಎರಡನೇ ಸಲ ಉಗುಳಿತು, ಮೂರನೇ ಸಲ ಗಾಳಿರಾಯನ ಅಂಗಡಿಯಲ್ಲಿ ನೇತುಹಾಕಿದ್ದ ಟ್ಯೂಬುಗಳೆಲ್ಲ ನಡುಗುವ ಹಾಗೆ ಗುಡುಗಿತು. ಅಣ್ಣನ ಬ್ರೇಕುಗಳನ್ನೂ ಕಳಚಿ ಇದಕ್ಕೆ ಹಾಕಿದ್ದೇವೆ. ಸ್ಪ್ರಿಂಗುಗಳನ್ನು ಗಿಡ್ಡ ಮಾಡಿದ್ದೇವೆ. ಈಗ ಅದು ನೆಲಕ್ಕೆ ಹೊಟ್ಟೆ ಹಚ್ಚಿ ಹೋಗುತ್ತದೆ, ಹೆಸರಿಗೆ ತಕ್ಕ ಹಾಗೆ.

ಗಾಡಿ ಜೋರಾಗಿ ಓಡಬೇಕಾದರೆ ಎರಡು ಮಾರ್ಗ: ಶಕ್ತಿ ಕೊಳ್ಳಬೇಕು, ಇಲ್ಲವೇ ಭಾರ ತೊರೆಯಬೇಕು. ಮೊದಲನೆಯದು ಸಿರಿವಂತರ ಮಾರ್ಗ, ಎರಡನೆಯದು ಸಂನ್ಯಾಸಿಗಳದು. ಎಂಜಿನ್ನಿಗೆ ಕೈ ಖಾಲಿಯಾದ ಮೇಲೆ ನಾವು ಸಂನ್ಯಾಸ ಹಿಡಿದೆವು. ನೆಲಹಾಸು ಹೋಯಿತು, ಚಾವಣಿಯ ಬಟ್ಟೆ ಹೋಯಿತು, ರೇಡಿಯೋ ಹೋಯಿತು, ಹಿಂದಿನ ಸೀಟು ಪೂರ್ತಿ ಹೋಯಿತು. ಉಳಿದದ್ದು ಎರಡೇ ಸೀಟು: ನಿನ್ನದೊಂದು, ನನ್ನದೊಂದು.

ಪರೀಕ್ಷೆಗೆ ಗಾಳಿರಾಯ ಓಡಿಸಿದ, ನಾನು ಪಕ್ಕದಲ್ಲಿ ಕಣ್ಣು ಮುಚ್ಚಿ ಕೂತೆ. ಸಿಗ್ನಲ್ ಬಿಟ್ಟ ಮೇಲೆ ಕಪ್ಪಗೆ ಹೊಳೆಯುವ ದೊಡ್ಡ ಕಾರೊಂದನ್ನು ಹಿಂದೆ ಹಾಕಿದೆವಂತೆ. ಮುಂದಿನ ಸಿಗ್ನಲಿನಲ್ಲಿ ಅದರ ಯಜಮಾನ ಗಾಜು ಇಳಿಸಿ ಕೇಳಿದ: “ಏನ್ ಹಾಕಿದೀರ ಸ್ವಾಮಿ ಒಳಗೆ?” ಗಾಳಿರಾಯ ಹೇಳಿದ: “ಏನೂ ಹಾಕಿಲ್ಲ ಸಾರ್. ಎಲ್ಲಾ ತೆಗ್ದಿದೀವಿ.”

ಇಷ್ಟೊತ್ತು ನಗಿಸಿದ್ದು ಮುಂದಿನ ಮಾತಿಗೆ ಪೀಠಿಕೆ. ಓಟಕ್ಕೆ ಸೇರಬೇಕಾದರೆ ಬದಲಾದ ಎಂಜಿನ್ನಿನ ನಂಬರು ನೋಂದಣಿಯಲ್ಲಿ ಇರಬೇಕು. ಅದಕ್ಕೆ ಮಾಲೀಕರ ಸಹಿ ಬೇಕು. ಮಾಲೀಕರು ಯಾರು? ನೀನಲ್ಲ, ನಾನಲ್ಲ. ಕೊಂಡ ಕಾಲದಲ್ಲಿ, ಹೆಂಗಸರ ಹೆಸರಿನ ಮೊದಲ ಗಾಡಿಗೆ ಇನ್ಶೂರೆನ್ಸಿನಲ್ಲಿ ರಿಯಾಯಿತಿ ಇತ್ತು. ಇನ್ಶೂರೆನ್ಸಿನ ಅನ್ನ ತಿಂದವನು ರಿಯಾಯಿತಿ ಕಂಡರೆ ಸುಮ್ಮನಿರಲಾರ. ನಾಲ್ಕಾರು ಕಾಗದಗಳ ನಡುವೆ ಇಟ್ಟು ಅವಳಿಂದ ಸಹಿ ಹಾಕಿಸಿದ್ದೆ. ಅವಳು ಏನೆಂದೂ ಕೇಳಿರಲಿಲ್ಲ. ಆಗಿನ್ನೂ ನಿಮ್ಮಿಬ್ಬರಿಗೆ ಮದುವೆಯ ಹೊಸತು. ಅವಳು ಏನು ಕೊಟ್ಟರೂ ಸಹಿ ಹಾಕುತ್ತಿದ್ದಳು.

ಮತ್ತೆ ನಾಲ್ಕಾರು ಕಾಗದ ಹೊಂದಿಸಲೇ?

ಇಂತಿ,
ಮಾವ


ಆಗಸ್ಟ್ 17

ಮಾವ ಅವರಿಗೆ,

ಬೇಡ. ಕಾಗದದ ನಡುವೆ ಇಟ್ಟು ಬೇಡ. ಎದುರಿಗೆ ಕೂತು, ಗಾಡಿ ಮಾರಿಲ್ಲ ಎಂದು ಹೇಳಿ, ಆಮೇಲೆ ಕೇಳಿ. ಅವಳು ಆಗುವುದಿಲ್ಲ ಎಂದರೆ ಓಟ ಬೇಡ.

ನಾನು ಬರೆದು ಕೇಳಬಹುದು. ಆದರೆ ಸುಳ್ಳು ಹೇಳಿದವರು ನೀವು. ನಿಜ ನನ್ನಿಂದ ಗೊತ್ತಾದರೆ ಅವಳಿಗೆ ಎರಡು ಪಟ್ಟು ನೋವು.

ಇಂತಿ,
ಅಳಿಯ


ಆಗಸ್ಟ್ 30

ಅಳಿಯನಿಗೆ,

ಪ್ರಯತ್ನಪಟ್ಟೆ. ಮೊನ್ನೆ ಅವಳು ಒಬ್ಬಳೇ ಹಜಾರದಲ್ಲಿ ಕೂತು ಚಹಾ ಕುಡಿಯುತ್ತಿದ್ದಳು. ನಾನು ಎದುರು ಹೋಗಿ ಕೂತೆ, ಗಂಟಲು ಸರಿಮಾಡಿಕೊಂಡೆ.

“ಏನೋ ಹೇಳೋಕೆ ಬಂದ್ರಿ ಅಪ್ಪ.”

“ಏನಿಲ್ಲ. ಇವತ್ತು ಉಪ್ಪು ಸ್ವಲ್ಪ ಮುಂದಾಗಿದೆ.”

“ಇದು ಚಹಾ ಅಪ್ಪ.”

ಬಾಗಿಲು ಹತ್ತಿರವೇ ಇತ್ತು, ಎದ್ದು ಬಂದೆ. ಲಕ್ಷಗಟ್ಟಲೆ ನಷ್ಟದ ಸುದ್ದಿಯನ್ನು ಗಾಡಿಯ ಯಜಮಾನರಿಗೆ ಮುಖ ಕೊಟ್ಟು ಹೇಳಿದವನು ನಾನು. ನನ್ನ ಮಗಳೆದುರು ಒಂದು ಹಳೆ ಗಾಡಿಯ ಸುದ್ದಿ ಹೇಳಲಾಗಲಿಲ್ಲ. ಯಾಕೋ ಆಯಾಸ. ಬೈದಾಳೆಂಬ ಭಯವಲ್ಲ. ಬೈಯದೆ ಸುಮ್ಮನೆ ಬಕೆಟ್ಟಿನ ನೀರು ನೋಡುತ್ತ ಕೂತರೆ ಎಂಬ ಭಯ.

ಏಜೆಂಟ್ ಒಬ್ಬ ಹೇಳಿದ, ಅರ್ಜಿ ಮೊದಲು ಹಾಕಿಡಿ, ಸಹಿ ಕೊನೆಗೆ ಮಾಡಿಸಿದರಾಯಿತು ಎಂದು. ಹಾಕಿದ್ದೇನೆ. ಸಹಿಯ ಹೊತ್ತಿಗೆ ಧೈರ್ಯ ಬಂದೀತು. ನೀನು ಬೈದು ಬರೆಯಬೇಡ. ಇಲ್ಲಿ ಬೈಯಲು ಗಾಳಿರಾಯ ಇದ್ದಾನೆ.

ಇಂತಿ,
ಮಾವ


ಸೆಪ್ಟೆಂಬರ್ 12

‘ರೀ’ ಎಂದು ಕರೆಯುವ ಹಕ್ಕು ಹೋಯಿತು, ಹೆಸರು ಹಿಡಿದು ಕರೆದು ಅಭ್ಯಾಸವಿಲ್ಲ. ಸಂಬೋಧನೆ ಇಲ್ಲದೆಯೇ ಓದಿಕೊಳ್ಳಿ.

ಮೊನ್ನೆ ನನ್ನ ಫೋನಿಗೆ ಸಾರಿಗೆ ಕಚೇರಿಯಿಂದ ಸಂದೇಶ ಬಂತು: ‘ನಿಮ್ಮ ವಾಹನದ ಎಂಜಿನ್ ಬದಲಾವಣೆ ಪರಿಶೀಲನೆಗೆ ವಾಹನ ತನ್ನಿ.’ ನನಗೆ ವಾಹನವೇ ಇಲ್ಲ. ಸ್ಕೂಲಿನ ಗಾಡಿಯದಿರಬೇಕೆಂದು ಕಚೇರಿಗೆ ಹೋದೆ. ಅಲ್ಲಿಯವರು ಗಾಡಿಯ ಬಣ್ಣ ಹೇಳಿದರು. ಕಂದು ಎಂದ ಕೂಡಲೇ ಮಿಕ್ಕದ್ದು ಕೇಳಬೇಕಾಗಲಿಲ್ಲ.

ಸೀದಾ ಗಾಳಿರಾಯನ ಅಂಗಡಿಗೆ ಹೋದೆ. ಅವನು ನನ್ನ ಮುಖ ನೋಡಿ, ಹಿಂದಿನ ಬಾಗಿಲು ತೆರೆದು, ಗಾಡಿಯ ಮೇಲಿನ ಬಟ್ಟೆ ಎಳೆದು, “ಅಕ್ಕಾ, ನಾನು ಗಾಳಿ ಹಾಕೋನು ಅಷ್ಟೆ” ಎಂದು ಹೊರಗೆ ಹೋಗಿ ನಿಂತ. ಗೂಡಿನಲ್ಲಿ ನಿಮ್ಮ ಪತ್ರಗಳೂ ಇದ್ದವು. ನಾನು ಓದಲಿಲ್ಲ. ಓದುವ ಅಗತ್ಯ ಬೀಳಲಿಲ್ಲ. ಗಾಡಿಯೊಳಗೆ ಕೂತೆ. ಎರಡೇ ಸೀಟು.

ನಿಮಗೆ ನೆನಪಿದೆಯೋ ಇಲ್ಲವೋ. ಸಂಜೆ ನಾನು ಶೆಡ್ಡಿಗೆ ಚಹಾ ತರುತ್ತಿದ್ದೆ. ಗಾಡಿಯ ಕೆಳಗಿನಿಂದ ನಾಲ್ಕು ಕಾಲು ಹೊರಗೆ. ಯಾವುದು ಗಂಡನದು, ಯಾವುದು ಅಪ್ಪನದು ಎಂದು ಚಪ್ಪಲಿ ನೋಡಿ ಗುರುತು ಹಿಡಿದು, ಪಕ್ಕದಲ್ಲಿ ಲೋಟ ಇಟ್ಟು ಬರುತ್ತಿದ್ದೆ. ಒಳಗೆ ನೀವಿಬ್ಬರೂ ನಗುತ್ತಿದ್ದಿರಿ. ಮೇಜಿನ ಮುಂದೆ ಇಬ್ಬರೂ ನಗುತ್ತಿರಲಿಲ್ಲ. ನನಗೆ ಇಡೀ ಊರಿನವರನ್ನು ಪಕ್ಕದಲ್ಲಿ ಕೂರಿಸಿಕೊಂಡು ಗಾಡಿ ಕಲಿಸಲು ಬರುತ್ತದೆ. ನೀವಿಬ್ಬರಲ್ಲಿ ಒಬ್ಬರಿಗೂ ‘ಬಾ, ನೀನೂ ನೋಡು’ ಅನ್ನಬೇಕೆಂದು ಹೊಳೆಯಲಿಲ್ಲ.

ನಿಮ್ಮನ್ನು ಬಿಟ್ಟು ಬಂದದ್ದಕ್ಕೆ ನನಗೆ ಬೇಸರವಿಲ್ಲ. ಇಬ್ಬರೂ ದಣಿದಿದ್ದೆವು, ಒಳ್ಳೆಯದೇ ಆಯಿತು. ಆದರೆ ಹೋಗುವಾಗ ನನ್ನ ಅಪ್ಪನನ್ನೂ ಕರೆದುಕೊಂಡು ಹೋಗಿದ್ದೀರಿ ಎಂದು ಗೊತ್ತಿರಲಿಲ್ಲ. ‘ವಾಕಿಂಗ್’ ಮುಗಿಸಿ ಬರುವಾಗ ಗೇಟಿನವರೆಗೂ ಶಿಳ್ಳೆ ಹಾಕಿಕೊಂಡು ಬರುತ್ತಾರೆ. ನನ್ನ ಮುಖ ಕಂಡೊಡನೆ ಶಿಳ್ಳೆ ನಿಲ್ಲುತ್ತದೆ. ಆಮೇಲೆ ರೋಗಿಯನ್ನು ನೋಡಲು ಬಂದವರ ಹಾಗೆ ಕುರ್ಚಿಯ ತುದಿಯಲ್ಲಿ ಕೂತು, ಚಹಾದಲ್ಲಿ ಉಪ್ಪು ಹೆಚ್ಚಾಗಿದೆ ಎನ್ನುತ್ತಾರೆ.

ಅವರನ್ನು ಬೈಯಲಿಲ್ಲ. ಬೈದರೆ ಇನ್ನೂ ತುದಿಗೆ ಸರಿಯುತ್ತಾರೆ.

ಗಾಡಿ ನೀವು ತೆಗೆದುಕೊಂಡು ಹೋಗಿ. ಎಂಜಿನ್ ಬದಲಾವಣೆಗೂ ನಿಮ್ಮ ಹೆಸರಿಗೆ ವರ್ಗ ಮಾಡುವುದಕ್ಕೂ ಸಹಿ ಹಾಕುತ್ತೇನೆ. ಅರ್ಧ ದಾರಿಯವರೆಗೆ ನಾನೇ ಓಡಿಸಿಕೊಂಡು ಬರುತ್ತೇನೆ; ನನ್ನ ಹೆಸರಿನ ಗಾಡಿಯನ್ನು ಒಂದು ಸಲವಾದರೂ ನಾನು ಓಡಿಸಬೇಕಲ್ಲ. ನಿಮ್ಮ ಓಟಕ್ಕೆ ತಿರುವು ಕೂಗಲು ಬೇರೆ ಯಾರನ್ನಾದರೂ ಹುಡುಕಿಕೊಳ್ಳಿ. ಓಟದ ಸುದ್ದಿ ನನಗೆ ಅಮ್ಮ ಹೇಳಿದಳು.

ಆಮೇಲೆ ಸ್ವಲ್ಪ ಕಾಲ ಅಪ್ಪನಿಗೆ ಬರೆಯಬೇಡಿ. ಯಾವತ್ತೂ ಬೇಡ ಎನ್ನುತ್ತಿಲ್ಲ. ನನ್ನ ಸರದಿ ಇನ್ನೂ ಬಂದಿಲ್ಲ, ಅಷ್ಟೆ.

ಇಂತಿ,
ಗಾಡಿಯ ಮಾಲೀಕಳು


ಸೆಪ್ಟೆಂಬರ್ 22

ನಿನಗೆ,

ಆಗಲಿ. ನೀನು ಹೇಳಿದ ಹಾಗೆಯೇ. ಮುಂದಿನ ತಿಂಗಳು ಹದಿನೆಂಟಕ್ಕೆ ರಜೆ ಹಾಕಿದ್ದೇನೆ. ನಡುದಾರಿಯಲ್ಲಿ, ರಸ್ತೆ ಎರಡಾಗುವ ಕಡೆ ಪೆಟ್ರೋಲ್ ಬಂಕ್ ಇದೆ. ಅಲ್ಲಿರುತ್ತೇನೆ.

ಚಹಾ ಯಾವಾಗಲೂ ಬಿಸಿಯಾಗಿರುತ್ತಿತ್ತು. ನಾವು ಕುಡಿಯುವಾಗ ಆರಿರುತ್ತಿತ್ತು. ಇಷ್ಟು ಮಾತ್ರ ಬರೆಯಬಲ್ಲೆ.

ಬ್ರೇಕು ತಣ್ಣಗಿದ್ದಾಗ ಹಿಡಿಯುವುದಿಲ್ಲ. ಹೊರಟ ಮೇಲೆ ಎರಡು ಮೂರು ಸಲ ಒತ್ತಿ ಬಿಸಿ ಮಾಡಿಕೊ. ಮೂರನೇ ಗೇರಿನಲ್ಲಿ ತಡೆಯಬೇಡ, ಬಿಟ್ಟುಬಿಡು. ನಿನಗೆ ಹೇಳಿಕೊಡಬೇಕಾಗಿಲ್ಲ.

ಇಂತಿ,
ಲೇತಿನವನು


ಅಕ್ಟೋಬರ್ 20

ಅಳಿಯನಿಗೆ,

ನೀನು ಬರೆಯಬಾರದು ಎಂದು ತೀರ್ಪಾಗಿದೆ. ನಾನು ಬರೆಯಬಾರದು ಎಂದು ಯಾರೂ ಹೇಳಿಲ್ಲ. ಆದರೂ ಕೇಳಿದೆ. “ಒಂದೇ ಒಂದು, ಕೊನೇದು” ಅಂದೆ. “ಬರೀರಿ, ಮನೆ ವಿಳಾಸ ಹಾಕಿ” ಅಂದಳು. ಆದ್ದರಿಂದ ಈ ಪತ್ರ ಹಜಾರದಲ್ಲಿ, ಮೇಜಿನ ಮೇಲೆ, ಫ್ಯಾನಿನ ಕೆಳಗೆ ಬರೆಯಲ್ಪಡುತ್ತಿದೆ. ಗೌರವಸ್ಥನಾಗಿಬಿಟ್ಟಿದ್ದೇನೆ.

ಬಂಕಿನಲ್ಲಿ ಮೊನ್ನೆ ನಾವು ಮೂವರೂ ಸೇರಿದೆವು. ಅವಳು ಕಾಗದ ಕೊಟ್ಟಳು, ಕೀಲಿ ಕೊಟ್ಟಳು, “ಎರಡನೇ ಗೇರು ಬೀಳೋವಾಗ ಸ್ವಲ್ಪ ಗೊಣಗತ್ತೆ” ಅಂದಳು. ನೀನು ಬಾನೆಟ್ ಎತ್ತಿದೆ. ನಾನೂ ಬಂದು ಪಕ್ಕದಲ್ಲಿ ಬಗ್ಗಿ ನಿಂತೆ. ಎಂಜಿನ್ನಿಗೆ ಏನೂ ಆಗಿರಲಿಲ್ಲ, ಇಬ್ಬರಿಗೂ ಗೊತ್ತಿತ್ತು. ಗಂಡಸರಿಗೆ ಅಳು ಬಂದಾಗ ಬಗ್ಗಿ ನೋಡಲೆಂದೇ ಬಾನೆಟ್ ಎಂಬುದನ್ನು ಯಾರೋ ಪುಣ್ಯಾತ್ಮ ಕಂಡುಹಿಡಿದಿದ್ದಾನೆ.

ಬರುವ ದಾರಿಯ ಕಥೆ ನಿನಗೆ ಹೇಳಲಿಲ್ಲ. ಊರು ದಾಟಿ ಏರುದಾರಿ ಸಿಕ್ಕಿತು. ನಾನು ಅಭ್ಯಾಸಬಲದಿಂದ “ಮುಂದೆ ಎಡ ತಿರುವು, ಬಿಗಿ ಇದೆ” ಎಂದು ಕೂಗಿದೆ. ಅವಳು ರಸ್ತೆಯಿಂದ ಕಣ್ಣು ತೆಗೆಯದೆ ಹೇಳಿದಳು: “ನನಗೆ ಕಣ್ಣಿದೆ ಅಪ್ಪ. ಸುಮ್ಮನೆ ಕೂತು ನೋಡಿ.”

ನೋಡಿದೆ. ಮೊದಲ ಸಲ ಕಣ್ಣು ಮುಚ್ಚದೆ ನೋಡಿದೆ. ತಿರುವಿಗೆ ಮುಂಚೆಯೇ ಬ್ರೇಕು ಮುಗಿಸಿ, ಗೇರು ಇಳಿಸಿ, ಜಿರಳೆಯ ಮೂಗನ್ನು ಒಳಗೆ ಇಳಿಸಿ, ಅದು ಇನ್ನೇನು ಜಾರಬೇಕು ಎನ್ನುವಾಗ ಕಾಲನ್ನು ಹೂವಿನ ಮೇಲೆ ಇಟ್ಟ ಹಾಗೆ ಇಟ್ಟಳು. ನಾವಿಬ್ಬರೂ ಬೆನ್ನು ಮುರಿದುಕೊಂಡು ಗಾಡಿಯಲ್ಲಿ ತುಂಬಿದ್ದೆಲ್ಲವೂ ಆ ಒಂದು ತಿರುವಿನಲ್ಲಿ ಹೊರಬಂತು. ನೀನು ಚೆನ್ನಾಗಿ ಓಡಿಸುತ್ತೀಯ. ಬೇಸರ ಮಾಡಿಕೊಳ್ಳಬೇಡ, ಇವಳು ನಿನಗಿಂತ ಚೆನ್ನಾಗಿ ಓಡಿಸುತ್ತಾಳೆ. ಗುಡ್ಡದ ನೆತ್ತಿಯಲ್ಲಿ ಗಾಡಿ ನಿಲ್ಲಿಸಿ ಸ್ಟಿಯರಿಂಗ್ ಮೇಲೆ ತಲೆಯಿಟ್ಟು ನಕ್ಕಳು. ಎಷ್ಟು ಕಾಲವಾಗಿತ್ತೋ. ಆಮೇಲೆ “ಒಳ್ಳೆ ಗಾಡಿ ಕಟ್ಟಿದೀರಿ ಇಬ್ಬರೂ” ಅಂದಳು. ಅದರಲ್ಲಿ ಕೊಂಕಿರಲಿಲ್ಲ. ಕೊಂಕಿದ್ದಿದ್ದರೆ ನನಗೆ ಸುಲಭವಾಗುತ್ತಿತ್ತು.

ಮರಳುವಾಗ ಬಸ್ಸು. ಇಡೀ ದಾರಿ ತನ್ನ ಶಿಷ್ಯಂದಿರ ಕಥೆ ಹೇಳಿದಳು. ನನ್ನ ಕೈಯಲ್ಲಿ ಪೇಪರ್ ಇರಲಿಲ್ಲ, ಕೇಳಿದೆ. ಊರು ಹತ್ತಿರವಾದಾಗ ಕೇಳಿದೆ:

“ನನಗೂ ಕಲಿಸ್ತೀಯಾ?”

“ಫೀಸ್ ಕಟ್ತೀರಾ?”

“ರಿಯಾಯಿತಿ ಏನಾದ್ರೂ ಇದ್ಯಾ?”

“ಅಪ್ಪಂದಿರಿಗಿಲ್ಲ.”

ನಿನ್ನೆ ಮೊದಲ ಪಾಠವಾಯಿತು. ಅಂಗಡಿ ಸಾಲಿನ ಮುಂದೆ ಆಮೆಯ ವೇಗದಲ್ಲಿ ಹೋದೆ. ಹಿಂದಿನವರೆಲ್ಲ ಹಾರ್ನ್ ಹೊಡೆದರು. ಗಾಳಿರಾಯ ಅಂಗಡಿಯಿಂದ ಹೊರಬಂದು ಎರಡೂ ಕೈಯೆತ್ತಿ ದಾರಿ ಬಿಡಿಸಿದ. ಮೂರು ಸಲ ಎಂಜಿನ್ ಆಫ್ ಮಾಡಿದೆ. ನಾಲ್ಕನೇ ಸಲ ಅವಳು ತನ್ನ ಕಡೆಯ ಕ್ಲಚ್ಚನ್ನು ಒತ್ತಿ ಹಿಡಿದಳು. ಗಾಡಿ ನಿಲ್ಲಲಿಲ್ಲ. ನಾನೇ ನಿಭಾಯಿಸಿದೆ ಎಂದುಕೊಂಡು ಬೀಗಿದೆ. ಆಮೇಲೆ ಅವಳ ಕಾಲು ಕಂಡಿತು. ದಿನವಿಡೀ ಹೀಗೆ ಎಷ್ಟು ಜನರ ಕ್ಲಚ್ಚು ಹಿಡಿಯುತ್ತಾಳೋ.

ಗುಡ್ಡದ ಓಟಕ್ಕೆ ಬರುತ್ತಿಲ್ಲ. ಆವತ್ತು ಭಾನುವಾರ, ನನಗೆ ರಿವರ್ಸ್ ಪಾಠವಿದೆ. ಚೆನ್ನಾಗಿ ಓಡಿಸು. ಗೆದ್ದರೂ ಸೋತರೂ ತಿಳಿಸಬೇಡ. ಪೇಪರಿನಲ್ಲಿ ಬಂದರೆ ಓದಿಕೊಳ್ಳುತ್ತೇನೆ, ಬರದಿದ್ದರೆ ಊಹಿಸಿಕೊಳ್ಳುತ್ತೇನೆ. ಇನ್ನು ಕೆಲವು ಕಾಲ ನಾನೂ ಬರೆಯುವುದಿಲ್ಲ. ಕೋಪದಿಂದಲ್ಲ, ಮರೆತೂ ಅಲ್ಲ. ಸಂಜೆ ನಿನ್ನ ಕೈ ಸ್ಪ್ಯಾನರಿಗೆ ತಡಕಾಡಿದರೆ, ಇಲ್ಲೊಬ್ಬ ಮುದುಕನೂ ತಡಕಾಡುತ್ತಿದ್ದಾನೆ ಎಂದು ತಿಳಿ.

ಒಂದು ಸಣ್ಣ ಉಪಕಾರವಾಗಬೇಕು. ಅಷ್ಟು ದೂರ ಓಡಿಸಿದರೂ ಜಿರಳೆಯ ಸೀಟಿನಲ್ಲಿ ಬೆನ್ನು ನೋಯಲಿಲ್ಲ, ಸ್ಕೂಲಿನ ಗಾಡಿಯ ಸೀಟು ಮಾತ್ರ ಸೊಂಟ ಹಿಡಿಸುತ್ತದೆ ಎಂದು ಅವಳು ಬಸ್ಸಿನಲ್ಲಿ ಹೇಳಿದಳು. ನನಗೆ ಇಷ್ಟು ದಿನ ಗೊತ್ತೇ ಇರಲಿಲ್ಲ. ಅಲ್ಲಿಂದ ಹೊರಡುವಾಗ ನಿನ್ನ ಉದ್ದ ಕಾಲಿಗೆ ಸೀಟನ್ನು ಹಿಂದಕ್ಕೆ ತಳ್ಳಿರುತ್ತೀಯ. ಅವಳು ಕೂತಿದ್ದ ಜಾಗದ ಗುರುತು ಸೀಟು ಜಾರುವ ಹಳಿಯ ಗ್ರೀಸಿನ ಮೇಲೆ ಇನ್ನೂ ಇರಬೇಕು. ಸೀಟನ್ನು ಅಲ್ಲಿಗೆ ತಂದು, ಹಳಿಯ ಮುಂದಿನ ತುದಿಯಿಂದ ಎಷ್ಟು ದೂರ, ಬೆನ್ನಿನ ಓರೆ ಎಷ್ಟು ಎಂದು ಅಳೆದು ಒಂದು ಕಾರ್ಡಿನಲ್ಲಿ ಬರೆದು ಕಳಿಸು. ಬರೀ ಅಂಕಿ ಸಾಕು. ಅಂಕಿ ಬರೆದರೆ ಪತ್ರ ಬರೆದ ಹಾಗಾಗುವುದಿಲ್ಲ. ಸ್ಕೂಲಿನ ಗಾಡಿಯಲ್ಲಿ ಅವಳು ಕೂರುವ ಸೀಟನ್ನು ಆ ಅಳತೆಗೆ ನಾನು ಸರಿಮಾಡಬೇಕು.

ಇಂತಿ,
ಅವಳ ಅಪ್ಪ